ಕರಡಿ ಕೊಂಡ ಉಗುರು

ಕರಡಿ ಕಾಡಿಗೆ ಹೋದ ಮೊದಲ ದಿನವೇ ಚಳಿಗೆ ಸತ್ತಿತು. ಕಾಡು ಗಾಜಿನೊಳಗಿತ್ತು. ಆದ್ದರಿಂದ ಎದ್ದು, ಗಂಟೆ ಬಾರಿಸಿ, ಮನೆಗೆ ಹೋಯಿತು.

ಗಂಟೆ ಬಾರಿಸುವುದು ಆ ಅಂಗಡಿಯ ಪದ್ಧತಿ. ಗಾಜಿನ ಕಾಡಿನಲ್ಲಿ ಸತ್ತವರು ಹೊರಗೆ ಹೋಗುವಾಗ ಬಾಗಿಲ ಗಂಟೆಯನ್ನು ತಾವೇ ಬಾರಿಸಬೇಕು. ಅದು ಬೀದಿಗೆಲ್ಲ ಕೇಳಬೇಕು. ಅಂಗಡಿ ಪುನುಗುಬೆಕ್ಕಿನದು. ಒಳಗೆ ಬರಲು ಏನೂ ಕೊಡಬೇಕಿಲ್ಲ. ಗಾಜಿನ ಮುಂದೆ ಕೂತು ಗುಂಡಿ ಒತ್ತಿದರೆ ಕಾಡು ತೆರೆದುಕೊಳ್ಳುತ್ತದೆ. ಆಡುವವರು ಯಾರೇ ಆಗಲಿ, ಅಲ್ಲಿ ಎರಡು ಕಾಲಿನ ಒಂದು ಬತ್ತಲೆ ಪ್ರಾಣಿಯಾಗಿ ನಿಲ್ಲುತ್ತಾರೆ. ಮೈಮೇಲೆ ಕೂದಲಿಲ್ಲ, ಬಾಯಲ್ಲಿ ಕೋರೆಯಿಲ್ಲ, ಹೇಳಿಕೊಳ್ಳುವಂಥ ಉಗುರಿಲ್ಲ. ಬದುಕಬೇಕು. ಅಷ್ಟೇ ಆಟ.

ಅಂಗಡಿಯ ಹಿಂದೆ ಒಂದು ಹಳ್ಳ. ಹಳ್ಳದಾಚೆ ಕಾಡು, ನಿಜವಾದದ್ದು. ಊರಿನ ಪ್ರಾಣಿಗಳೆಲ್ಲ ಒಂದು ಕಾಲಕ್ಕೆ ಅಲ್ಲಿಂದಲೇ ಬಂದವು. ಈಗ ಅತ್ತ ಹೋಗುತ್ತಿದ್ದದ್ದು ಗೆಡ್ಡೆಗಾಗಿ ಮುದಿ ಕಾಡುಹಂದಿ, ಬೇಸಿಗೆಯಲ್ಲಿ ಜೇನಿಗಾಗಿ ಕರಡಿ. ಉಳಿದವರಿಗೆ ಗಾಜಿನದೇ ಸಾಕಾಗಿತ್ತು.

ಮರುದಿನ ಬೆಳಗ್ಗೆ ಟೀ ಅಂಗಡಿಯಲ್ಲಿ ಮೊಲ ಕಾದು ಕೂತಿತ್ತು.

"ಕರಡಿಯಣ್ಣ, ನಿನ್ನೆ ಗಂಟೆ ಕೇಳಿಸ್ತು. ನೀವಂತೆ?"

"ಹೂಂ."

"ಏನಾಯ್ತು?"

"ಚಳಿ."

ಮೊಲ ಲೋಟ ಕೆಳಗಿಟ್ಟಿತು. "ಕಂಬಳಿ ಹೊದ್ಕೊಂಡೇ ಹುಟ್ಟಿದೋರು ನೀವು. ನೀವು ಚಳಿಗೆ ಸತ್ರಾ?"

ಮೇಕೆ ನಕ್ಕಿತು. ಟೀ ಸೋಸುತ್ತಿದ್ದ ಕತ್ತೆಯೂ ನಕ್ಕಿತು. ಕರಡಿ ಟೀ ಅರ್ಧಕ್ಕೆ ಬಿಟ್ಟು ಎದ್ದಿತು. ಮೊಲ ಸತ್ತರೆ ಯಾರೂ ಕೇಳುವುದಿಲ್ಲ. ಕಾಡಿನಲ್ಲಿ ಕರಡಿ ಸತ್ತರೆ ಊರಿನಲ್ಲಿ ಮುಖ ತೋರಿಸುವುದು ಹೇಗೆ?

ಅದು ನೇರ ಪುನುಗುಬೆಕ್ಕಿನ ಅಂಗಡಿಗೆ ಹೋಯಿತು.

"ಸಾಹುಕಾರ್ರೇ, ಬರಿಗೈಲಿ ಹೋದ್ರೆ ಇನ್ನೇನಾಗುತ್ತೆ?" ಎಂದಿತು ಬೆಕ್ಕು. "ಹೊಸಬರಿಗೆ ಅಂತಲೇ ಒಂದು ಗಂಟು ಇಟ್ಟಿದೀನಿ. ಕೊಡಲಿ, ಕಂಬಳಿ, ಬೆಂಕಿಪೆಟ್ಟಿಗೆ. ಒಂದು ಗಡಿಗೆ ಜೇನು ಕೊಡಿ, ಸಾಕು."

ಆ ಊರಿನಲ್ಲಿ ನಾಣ್ಯವಿರಲಿಲ್ಲ. ಯಾರ ಬಳಿ ಏನಿದೆಯೋ ಅದನ್ನು ಕೊಡಬೇಕು. ಕರಡಿಯ ಮನೆಯ ಹಿಂದಿನ ಕೋಣೆಯಲ್ಲಿ ಜೇನಿನ ಗಡಿಗೆಗಳು ಸಾಲಾಗಿದ್ದವು. ಮಳೆಗಾಲಕ್ಕೆ ಅದೇ ಊಟ. ಹೆಣ್ಣುಕರಡಿ ತುಂಬು ಬಸುರಿ. ಮಳೆ ಹಿಡಿಯುವುದರೊಳಗೆ ಮರಿ ಹುಟ್ಟಬೇಕು.

"ಜೇನು ಕೊಡೋದು ಆಮೇಲೆ," ಎಂದಿತು ಹೆಣ್ಣುಕರಡಿ. "ಹಂದಿ ಮಾವನ್ನ ಕೇಳಿ. ಕಾಡು ಅಂದ್ರೆ ಅವರಿಗೆ ಗೊತ್ತು."

ಹಂದಿಗೆ ಬರಲು ಇಷ್ಟವಿರಲಿಲ್ಲ. ಗೊಣಗುತ್ತ ಬಂತು. ಗಾಜಿನ ಮುಂದೆ ಕೂತು ಮೂತಿಯಿಂದ ಗುಂಡಿ ಒತ್ತಿತು. ಬತ್ತಲೆ ಪ್ರಾಣಿ ಕಾಡಿನ ನಡುವೆ ನಿಂತಿತು.

"ಕಾಲ ಕೆಳಗೆ ನೋಡು," ಎಂದಿತು ಹಂದಿ. "ಏನಿದೆ?"

"ಏನೂ ಇಲ್ಲ, ಮಾವ."

"ಕಲ್ಲಿದೆ."

"ಕಲ್ಲಾ?"

ಹಂದಿ ಬತ್ತಲೆ ಪ್ರಾಣಿಯನ್ನು ಬಗ್ಗಿಸಿತು. ಕಲ್ಲನ್ನು ಎತ್ತಿಸಿತು. ಇನ್ನೊಂದು ಕಲ್ಲಿಗೆ ಕುಟ್ಟಿ ಅಂಚು ತೆಗೆಯಿತು. ಬಿದ್ದ ಕೊಂಬೆಗೆ ಬಳ್ಳಿ ಸುತ್ತಿ ಅದನ್ನು ಕಟ್ಟಿತು. ಗಾಳಿ ಬೀಸದ ಕಡೆ ಬಂಡೆಗೆ ಕೋಲು ಆನಿಸಿ ಸೊಪ್ಪು ಹೊದಿಸಿತು. ಕಡ್ಡಿ ಉಜ್ಜಿ ಬೆಂಕಿ ಮಾಡಿ ಗೆಡ್ಡೆ ಸುಟ್ಟಿತು. ಗಾಜಿನೊಳಗೆ ಕತ್ತಲಾಯಿತು. ಬೆಳಗಾಯಿತು. ಬತ್ತಲೆ ಪ್ರಾಣಿ ಎದ್ದು ಮೈ ಮುರಿಯಿತು.

"ನಿಮ್ಮಂಥೋರು ಬಂದ್ರೆ ನಾನು ಅಂಗಡಿ ಮುಚ್ಚಬೇಕಾಗುತ್ತೆ, ಯಜಮಾನ್ರೇ," ಎಂದಿತು ಪುನುಗುಬೆಕ್ಕು, ಹಲ್ಲು ಬಿಟ್ಟುಕೊಂಡು.

"ಮುಚ್ಚು," ಎಂದಿತು ಹಂದಿ. ಕರಡಿಯತ್ತ ತಿರುಗಿ, "ಇದನ್ನೇ ನಾನು ದಿನಾ ಮಾಡ್ತೀನಿ. ಇದಕ್ಕೆ ಗಾಜು ಯಾಕೋ?" ಎಂದು ಹೊರಟುಹೋಯಿತು. ಇನ್ನೆರಡು ಮಾತು ಹೇಳಬಹುದಿತ್ತು. ಹೇಳಲಿಲ್ಲ.

ಕರಡಿ ಕೂತು ಕಲ್ಲು ಕುಟ್ಟಿತು. ಅಂಚು ಬರಲಿಲ್ಲ. ಮತ್ತೆ ಕುಟ್ಟಿತು. ಸ್ವಲ್ಪ ಬಂತು. ಇನ್ನೊಂದು ಘಳಿಗೆ ಕುಟ್ಟಿದ್ದರೆ ಪೂರ್ತಿ ಬರುತ್ತಿತ್ತು. ಆಗ ಬೆನ್ನ ಹಿಂದೆ ಮೊಲ ಬಂದು ನಿಂತಿತು.

"ಇನ್ನೂ ಕಲ್ಲು ಕುಟ್ತಿದೀರಾ, ಅಣ್ಣ? ಕಬ್ಬಿಣ ಬಂದು ಎಷ್ಟು ಕಾಲ ಆಯ್ತು!"

ಕರಡಿ ಕಲ್ಲು ಬಿಟ್ಟು ಎದ್ದಿತು. ಮನೆಗೆ ಹೋಗಿ ಒಂದು ಗಡಿಗೆ ಹೊತ್ತು ತಂದಿತು.

ಗಂಟು ಸಿಕ್ಕಿತು. ಕೊಡಲಿ ಎರಡು ಮರ ಕಡಿಯುವಷ್ಟರಲ್ಲಿ ಮುರಿಯಿತು.

"ಇದೇನಯ್ಯ, ಮುರಿದೇ ಹೋಯ್ತು?"

"ಅದು ಹೊಸಬರ ಕೊಡಲಿ, ಸಾಹುಕಾರ್ರೇ. ನೀವೀಗ ಹೊಸಬರಲ್ಲ."

ಈ ಮಾತು ಕರಡಿಗೆ ಹಿಡಿಸಿತು. ಇನ್ನೊಂದು ಗಡಿಗೆ ಬಂತು. ಬಲವಾದ ಕೊಡಲಿಗೆ ಬಲವಾದ ಚೀಲ ಬೇಕಾಯಿತು. ಕಡಿದ ಮರ ಇಡಲು ಕೊಟ್ಟಿಗೆ ಬೇಕಾಯಿತು. ಕೊಟ್ಟಿಗೆಗೆ ಬೀಗ ಬೇಕಾಯಿತು. ಗಾಜಿನ ಕಾಡಿನಲ್ಲಿ ಕರಡಿಯ ಹೊರತು ಇನ್ನೊಬ್ಬರಿರಲಿಲ್ಲ. ಆದರೂ ಬೀಗ ಬೇಕಾಯಿತು. ಆಮೇಲೆ ಅಲ್ಲಿ ಹಸಿವಾಯಿತು. ಒಂದು ಗಡಿಗೆ ಜೇನು ಕೊಟ್ಟರೆ ಗಾಜಿನೊಳಗೆ ಹತ್ತು ಗಡಿಗೆ ಜೇನು ಎಂದಿತು ಬೆಕ್ಕು.

"ಒಂದಕ್ಕೆ ಹತ್ತು ಕಣೇ," ಎಂದಿತು ಕರಡಿ, ಗಡಿಗೆ ಎತ್ತುತ್ತ.

"ತಿನ್ನೋಕಾಗುತ್ತಾ?" ಎಂದಿತು ಹೆಣ್ಣುಕರಡಿ.

"ಒಳಗೆ ಆಗುತ್ತೆ."

"ನಾನು ಹೊರಗಿದೀನಲ್ಲ."

ಕರಡಿ ಆಗಲೇ ಬಾಗಿಲು ದಾಟಿತ್ತು.

ಮರಿ ಹುಟ್ಟಿದ ದಿನ ಹಿಂದಿನ ಕೋಣೆಯಲ್ಲಿ ಒಂದೇ ಗಡಿಗೆ ಉಳಿದಿತ್ತು. ಹೆಣ್ಣುಕರಡಿ ಅದನ್ನು ತನ್ನ ಮೂಲೆಗೆ ಎಳೆದುಕೊಂಡಿತು. ಇರುವೆ ಹೋಗದಂತೆ ಮುಚ್ಚಳದ ಮೇಲೆ ಒಂದು ಕಲ್ಲು ಹೇರಿತು.

"ಇದು ಮರಿಯದು. ನಾನು ತಿಂದ್ರೆ ತಾನೇ ಅದಕ್ಕೆ ಹಾಲು? ಇದನ್ನ ಮುಟ್ಟಿದ್ರೆ ನಾವಿಬ್ಬರೂ ಈ ಮನೇಲಿರಲ್ಲ."

"ನಿನ್ನಾಣೆ, ಮುಟ್ಟಲ್ಲ," ಎಂದಿತು ಕರಡಿ.

ಮಾತಿಗೆ ತಪ್ಪುವ ಪ್ರಾಣಿಯಲ್ಲ ಅದು. ಅದೇ ಕಷ್ಟವಾದದ್ದು.

ಗಾಜಿನ ಕಾಡಿನಲ್ಲಿ ಮಳೆಗಾಲ ಬಂತು. ನೆಲವೆಲ್ಲ ಕೆಸರು. ಇನ್ನು ಮರ ಹತ್ತಬೇಕು.

"ಕರಡಿ ಉಗುರು ಬಂದಿದೆ, ಸಾಹುಕಾರ್ರೇ," ಎಂದಿತು ಪುನುಗುಬೆಕ್ಕು. "ಹಾಕ್ಕೊಂಡ್ರೆ ಒಳಗೆ ಎಂಥ ಮರಾನಾದ್ರೂ ಹತ್ತಬಹುದು."

"ನನ್ನ ಹತ್ರ ಜೇನಿಲ್ಲ."

"ಜೇನು ಯಾರು ಕೇಳಿದ್ರು? ನಿಮ್ಮ ಹತ್ರ ಉಗುರಿದೆಯಲ್ಲ."

ಕರಡಿ ತನ್ನ ಕೈಗಳನ್ನು ನೋಡಿಕೊಂಡಿತು. ಲೆಕ್ಕ ಹಾಕಿತು. ಜೇನಿಗೆ ಕಷ್ಟಪಟ್ಟಿದ್ದೆ, ಮರ ಹತ್ತಿ, ಹುಳ ಕಚ್ಚಿಸಿಕೊಂಡು ತಂದಿದ್ದೆ. ಉಗುರು ಪುಕ್ಕಟೆ ಬೆಳೆದದ್ದು. ಪುಕ್ಕಟೆಯದನ್ನು ಕೊಟ್ಟು ಬೇಕಾದ್ದನ್ನು ತಂದರೆ ಅದು ಖರ್ಚಲ್ಲ. ಇಷ್ಟು ದಿನ ಈ ಬುದ್ಧಿ ಯಾಕೆ ಬರಲಿಲ್ಲವೆಂದು ಕರಡಿಗೆ ಬೇಸರವಾಯಿತು. ಕೈ ಚಾಚಿತು. ಕಾಲೂ ಚಾಚಿತು.

ಉಗುರಿನ ಜೊತೆಗೆ ಕೂದಲಿನ ಅಂಗಿಯೂ ಇದ್ದರೆ ಗಾಜಿನೊಳಗಿನ ಚಳಿ ತಟ್ಟುವುದಿಲ್ಲ ಎಂದಿತು ಬೆಕ್ಕು. ಮೈಮೇಲಿನ ಕೂದಲು ಕೊಡಲು ಕರಡಿ ಒಪ್ಪಿತು. ಕತ್ತರಿ ಆಡಿಸಿದ್ದು ಕುರಿ. ಆ ಕೆಲಸ ಅದಕ್ಕೆ ಚೆನ್ನಾಗಿ ಗೊತ್ತಿತ್ತು; ಇಷ್ಟು ದಿನ ಇನ್ನೊಂದು ಕಡೆಯಿಂದ ನೋಡಿತ್ತು.

ದಾರಿಯಲ್ಲಿ ಹಂದಿ ಎದುರಾಯಿತು. ನಿಂತು ನೋಡಿತು.

"ಯಾರಪ್ಪ ನೀನು?"

"ನಾನೇ, ಮಾವ. ಕರಡಿ."

ಹಂದಿ ಅದರ ಬೋಳು ಮೈಯನ್ನು ಮೂಸಿತು. ನೆಲಕ್ಕೆ ಒಮ್ಮೆ ಮೂತಿ ಗುದ್ದಿ ಹಳ್ಳದ ಕಡೆ ನಡೆಯಿತು.

"ಜೇನು ಮುಟ್ಟಿಲ್ಲ ನೋಡು," ಎಂದಿತು ಕರಡಿ, ಮನೆಯೊಳಗೆ ಬಂದು.

ಹೆಣ್ಣುಕರಡಿ ಮರಿಯನ್ನು ಹಿಂದಕ್ಕೆ ಎಳೆದುಕೊಂಡಿತು. "ಅಲ್ಲೇ ನಿಂತ್ಕೊಳ್ಳಿ. ಮರಿ ಹೆದರುತ್ತೆ."

ಗಾಜಿನೊಳಗೆ ಮಾತ್ರ ಎಲ್ಲವೂ ಚೆನ್ನಾಗಿ ನಡೆಯಿತು. ಬತ್ತಲೆ ಪ್ರಾಣಿ ಈಗ ಬತ್ತಲೆಯಾಗಿರಲಿಲ್ಲ. ಕಪ್ಪು ಕೂದಲು, ಬಾಗಿದ ಉಗುರು, ಗುಹೆ, ಗುಹೆ ತುಂಬ ಜೇನು. ನೋಡಲು ಥೇಟ್ ಕರಡಿಯ ಹಾಗೇ ಇತ್ತು. ಗಂಟೆ ಬಾರಿಸುವ ಪ್ರಮೇಯವೇ ಬರಲಿಲ್ಲ. ಟೀ ಅಂಗಡಿಯಲ್ಲಿ ಮೊಲ ಎದ್ದು ಜಾಗ ಬಿಟ್ಟುಕೊಟ್ಟಿತು.

"ಕೂತ್ಕೊಳ್ಳಿ ಅಣ್ಣ. ಕಾಡು ಅಂದ್ರೆ ನೀವು."

ಕರಡಿ ಕೂತಿತು. ಚಳಿಗೆ ನಡುಗುತ್ತಿತ್ತು. ಯಾರೂ ಅದನ್ನು ಗಮನಿಸಲಿಲ್ಲ.

ಹೊರಗೂ ಮೋಡ ಕಟ್ಟಿತು. ಹೆಣ್ಣುಕರಡಿಯ ಗಡಿಗೆ ಅರ್ಧಕ್ಕೆ ಇಳಿದಿತ್ತು.

"ಮಳೆ ಹಿಡಿಯೋ ಮುಂಚೆ ಒಂದು ಗೂಡು ಜೇನಾದ್ರೂ ತನ್ನಿ," ಎಂದಿತು ಅದು. "ಹಾಲು ಸಾಲ್ತಿಲ್ಲ. ಮರಿ ಅಳುತ್ತೆ, ನಿಮಗೆ ಕೇಳಿಸಲ್ವಾ?"

ಕರಡಿ ಹಳ್ಳ ದಾಟಿತು. ಪ್ರತಿ ವರ್ಷ ಹತ್ತುತ್ತಿದ್ದ ಮತ್ತಿಮರವನ್ನೇ ತಬ್ಬಿಕೊಂಡಿತು. ಜಾರಿತು. ಮತ್ತೆ ತಬ್ಬಿತು. ಮತ್ತೆ ಜಾರಿತು. ಸದ್ದಿಗೆ ಹುಳ ಎದ್ದವು. ಮೊದಲೆಲ್ಲ ಅವು ಕೂದಲಲ್ಲಿ ಸಿಕ್ಕಿಕೊಂಡು ಸಾಯುತ್ತಿದ್ದವು. ಈ ಸಲ ಚರ್ಮಕ್ಕೆ ದಾರಿ ಸಲೀಸಾಗಿತ್ತು.

ಮೈಯೆಲ್ಲ ಬಾತು ಬಂದ ಗಂಡನನ್ನು ಹೆಣ್ಣುಕರಡಿ ಬೈಯಲಿಲ್ಲ. ಬೆಳಗ್ಗೆ ಎದ್ದು ಹೇಳಿತು: "ಊರು ಸಾಕು. ಆಚೆ ಹೋಗೋಣ. ಮರ ನಾನು ಹತ್ತುತ್ತೀನಿ, ನನಗೆ ಉಗುರಿದೆ. ಮರೀನ ನೀವು ಹೊತ್ಕೊಳ್ಳಿ, ಅಷ್ಟೇ."

ಕರಡಿ ಬೆನ್ನು ಬಗ್ಗಿಸಿತು. ಮರಿ ಹತ್ತಿತು. ಕರಡಿಯ ಮರಿಗಳು ಬೆನ್ನಿನ ಕೂದಲು ಹಿಡಿದು ಕೂರುತ್ತವೆ. ಹಿಡಿಯಲು ಏನೂ ಇರಲಿಲ್ಲ. ಮರಿ ಜಾರಿ ನೆಲಕ್ಕೆ ಬಿದ್ದು ಅತ್ತಿತು.

"ಕೈಲಿ ಎತ್ಕೊಂಡು ಬನ್ನಿ," ಎಂದಿತು ಹೆಣ್ಣುಕರಡಿ.

"ಹೀಗೆ ಬರಿಗೈಲಿ ಹೋದ್ರೆ ಆಗಲ್ಲ ಕಣೇ. ನಿನಗೆ ಗೊತ್ತಾಗಲ್ಲ, ಕಾಡು ಅಂದ್ರೆ ಸುಮ್ಮನೆ ಅಲ್ಲ. ತಯಾರಾಗಿ ಹೋಗ್ಬೇಕು. ಸ್ವಲ್ಪ ಇರು, ಬಂದೆ."

"ಏನೂ ಬೇಡ. ನೀವು ಬಂದ್ರೆ ಸಾಕು."

"ಬಂದೆ ಅಂದ್ನಲ್ಲ."

ಹಳ್ಳದ ದಡದಲ್ಲಿ ಪುನುಗುಬೆಕ್ಕು ಹೊಸದೊಂದು ಅಂಗಡಿ ತೆರೆದಿತ್ತು. ಗಾಜು ಇರಲಿಲ್ಲ. ಮೇಲೊಂದು ಹಲಗೆ: ನಿಜವಾದ ಕಾಡಿಗೆ ಹೋಗುವವರಿಗೆ. ಬಿದಿರ ಗಳುವಿಗೆ ಒಂದು ಕಪ್ಪು ಕೂದಲಿನ ಅಂಗಿ ತೂಗುಬಿದ್ದಿತ್ತು. ಪಕ್ಕದಲ್ಲಿ ದಾರಕ್ಕೆ ಪೋಣಿಸಿದ ಉಗುರು.

ಕರಡಿ ಉಗುರನ್ನು ಮುಟ್ಟಿ ನೋಡಿತು.

"ಒಳಗೆ ನನ್ನ ಹತ್ರ ಇರೋದು ಇದಕ್ಕಿಂತ ಹೊಳೆಯುತ್ತೆ."

"ನಿಜ, ಸಾಹುಕಾರ್ರೇ. ಇದು ಬಳಸಿದ ಮಾಲು. ಅದಕ್ಕೇ ಅಗ್ಗ."

"ಎಷ್ಟು?"

"ಅಂಗಿ, ಉಗುರು ಎರಡೂ ಸೇರಿ ಒಂದು ಗಡಿಗೆ. ಅರ್ಧ ಗಡಿಗೆ ಇದ್ರೂ ತನ್ನಿ. ನಿಮಗಲ್ವಾ?"

ಕರಡಿ ಮನೆಗೆ ಓಡಿತು. ಉಗುರು ಬಂದ ಮೇಲೆ ಬೇಕಾದಷ್ಟು ಜೇನು ತರಬಹುದು. ಆಣೆ ಇಟ್ಟದ್ದು ನೆನಪಾಯಿತು. ಅದು ಬೇರೆ ಸಂದರ್ಭ ಎಂದುಕೊಂಡಿತು.

ಮನೆಯ ಬಾಗಿಲು ತೆರೆದಿತ್ತು. ಹೆಣ್ಣುಕರಡಿ ಇರಲಿಲ್ಲ. ಮರಿ ಇರಲಿಲ್ಲ. ಮೂಲೆಯಲ್ಲಿ ಗಡಿಗೆಯೂ ಇರಲಿಲ್ಲ. ಮುಚ್ಚಳದ ಮೇಲೆ ಹೇರಿದ್ದ ಕಲ್ಲು ಮಾತ್ರ ನೆಲದ ಮೇಲಿತ್ತು. ಅಂಗೈ ತುಂಬುವಷ್ಟು ದಪ್ಪ, ಒಂದು ಬದಿ ಚೂಪು.

ಕರಡಿ ಅದನ್ನು ದಾಟಿ ಹೋಗಿ ಮೂಲೆಯೆಲ್ಲ ಹುಡುಕಿತು. ಬೇರೇನೂ ಸಿಗಲಿಲ್ಲ. ಕಲ್ಲನ್ನೇ ಎತ್ತಿಕೊಂಡು ಹಳ್ಳಕ್ಕೆ ಬಂತು.

ಆಚೆ ದಡದಲ್ಲಿ ಹಂದಿ ಮುಂದೆ ಹೋಗುತ್ತಿತ್ತು. ಹಿಂದೆ ಹೆಣ್ಣುಕರಡಿ, ಅದರ ಬೆನ್ನ ಮೇಲೆ ಮರಿ. ಮರಿ ಎರಡು ಮುಷ್ಟಿಯಲ್ಲೂ ಕೂದಲು ಹಿಡಿದಿತ್ತು. ಹೆಣ್ಣುಕರಡಿ ಒಮ್ಮೆ ತಿರುಗಿ ನಿಂತಿತು. ಹಳ್ಳದಲ್ಲಿ ನೀರು ಮೊಣಕಾಲಿಗಿಂತ ಮೇಲಿರಲಿಲ್ಲ.

"ಬಂದೆ," ಎಂದು ಕೂಗಿತು ಕರಡಿ. ಆಮೇಲೆ ಬೆಕ್ಕಿನತ್ತ ತಿರುಗಿತು. "ಕಲ್ಲು ನಡೆಯುತ್ತಾ?"

ಪುನುಗುಬೆಕ್ಕು ಕಲ್ಲನ್ನು ತಿರುಗಿಸಿ ನೋಡಿತು. ಹಿಂದಕ್ಕೆ ಕೊಟ್ಟಿತು.

"ಕಲ್ಲು ನಡೆಯಲ್ಲ, ಸಾಹುಕಾರ್ರೇ."

ಕರಡಿ ಕಲ್ಲನ್ನು ಹಳ್ಳಕ್ಕೆ ಎಸೆದು ಅಂಗಡಿಯ ಮುಂದೆ ಕೂತಿತು.