ಚತುರ್ದಶಿಯ ತಲೆನೋವು

ಅಕ್ಕ ತೀರಿಕೊಂಡ ಸುದ್ದಿ ಬಂದಾಗ ಭೂಪಾಲ ಸಾಂಗಲಿಯ ಪೇಟೆಯಲ್ಲಿ ಅರಿಶಿನದ ಚೀಲವೊಂದರ ಬಾಯಿ ಬಿಚ್ಚಿಸಿ, ಕೊಂಬು ಮುರಿದು ಬಣ್ಣ ನೋಡುತ್ತಿದ್ದ. ಮಧ್ಯಾಹ್ನ ಇಳಿಯುವ ಹೊತ್ತು. ಮಗ ಸಂಮೇದ ಫೋನಿನಲ್ಲಿ ಮೊದಲು ಮರಾಠಿಯಲ್ಲಿ ಏನೋ ತೊದಲಿದ. ಆಮೇಲೆ, ಇಂಥ ಮಾತನ್ನು ಅಪ್ಪನಿಗೆ ಅಪ್ಪನ ಭಾಷೆಯಲ್ಲೇ ಹೇಳಬೇಕು ಅನ್ನಿಸಿತೋ ಏನೋ, ಹರಕುಮುರುಕು ಕನ್ನಡಕ್ಕೆ ತಿರುಗಿದ.

"ಅಪ್ಪಾ, ಸಲಗರ್ಯಾಗ ಆತ್ಯಾ ಹೋದ್ಲು. ಊಟಾ ಮಾಡಿ ಮಲಗ್ಯಾಳ, ಮತ್ತ ಎದ್ದಿಲ್ಲ."

ಅಂದು ಚತುರ್ದಶಿ. ಅಕ್ಕ ಸತ್ತಳು ಎಂಬುದಕ್ಕಿಂತ ಮೊದಲು, ಅಕ್ಕ ಚತುರ್ದಶಿಯ ದಿನ ಉಂಡು ಸತ್ತಳು ಎಂಬ ಮಾತು ಭೂಪಾಲನ ಎದೆಯೊಳಗೆ ಇಳಿಯಿತು.

ಅದಕ್ಕೆ ಕಾರಣವಿತ್ತು. ಅಕ್ಕ ಕಮಲಾಬಾಯಿ ಮೂವತ್ತಮೂರನೆಯ ವಯಸ್ಸಿಗೆ ಗಂಡನನ್ನು ಕಳೆದುಕೊಂಡು ಕವಲಾಪುರಕ್ಕೆ, ತಮ್ಮನ ಮನೆಗೆ ಬಂದವಳು. ಬಂದ ವರ್ಷವೇ ಮಿರಜದ ಬಸದಿಯಲ್ಲಿ ಮುನಿಗಳೊಬ್ಬರ ಎದುರು ಕೈಮುಗಿದು, ಅಷ್ಟಮಿ ಚತುರ್ದಶಿಗಳಲ್ಲಿ ನೀರಿನ ಹೊರತು ಏನೂ ಮುಟ್ಟುವುದಿಲ್ಲವೆಂದು ವ್ರತ ಹಿಡಿದಳು. ನಲವತ್ತು ವರ್ಷ ಹಾಗೆಯೇ ನಡೆಸಿದಳು. ವ್ರತ ಹಿಡಿದ ಬಸದಿಗೇ ಆ ದಿನಗಳಲ್ಲಿ ಹೋಗಿ ಪೂಜೆ ಮಾಡಬೇಕೆಂಬುದು ಅವಳ ಹಟ. ಊರಿನಲ್ಲಿ ಬಸದಿ ಇಲ್ಲವೆಂದಲ್ಲ. ಮಾತು ಕೊಟ್ಟ ಜಾಗದಲ್ಲೇ ಮಾತು ಒಪ್ಪಿಸಬೇಕು ಎನ್ನುತ್ತಿದ್ದಳು. ಭೂಪಾಲ ಕಾರು ಕೊಂಡಂದಿನಿಂದ ತಾನೇ ಕರೆದೊಯ್ಯುತ್ತಿದ್ದ. ಅಕ್ಕ ಹಿಂದಿನ ಸೀಟಿನಲ್ಲಿ ಪೂಜೆಯ ದ್ರವ್ಯದ ತಟ್ಟೆಯನ್ನು ತೊಡೆಯ ಮೇಲಿಟ್ಟುಕೊಂಡು, ದ್ರವ್ಯಕ್ಕೆ ಬೀದಿಯ ಧೂಳು ತಾಗಬಾರದೆಂದು ಎರಡೂ ಬದಿಯ ಗಾಜು ಏರಿಸಿ ಕೂರುತ್ತಿದ್ದಳು.

ಎರಡು ವರ್ಷದ ಹಿಂದೆ ಅವಳಿಗೆ ತಲೆನೋವು ಶುರುವಾಯಿತು. ಬಸದಿಗೆ ಹೋಗಿ ಬಂದ ದಿನ ಹಣೆ ಒಡೆದುಹೋಗುವಂತೆ ಆಗುತ್ತಿತ್ತು. ಒಮ್ಮೊಮ್ಮೆ ಬರೀ ಹೊಟ್ಟೆಯಲ್ಲಿ ವಾಂತಿ. ಹೊಟ್ಟೆ ಖಾಲಿ, ವಯಸ್ಸು ಎಪ್ಪತ್ತು ದಾಟಿದೆ, ಇನ್ನೇನಾಗುತ್ತದೆ ಎಂದರು ಎಲ್ಲರೂ. ಡಾಕ್ಟರರು ಕೂಡ ಉಪವಾಸವೆಂಬ ಮಾತು ಕಿವಿಗೆ ಬಿದ್ದೊಡನೆ ಬೇರೇನೂ ಕೇಳಲಿಲ್ಲ. ಕಳೆದ ಭಾದ್ರಪದ ಮುಗಿದ ಮೇಲೆ ಒಂದು ಅಷ್ಟಮಿಯಂದು ಅಕ್ಕ ಬಸದಿಯ ಮೆಟ್ಟಿಲ ಮೇಲೆ ತತ್ತರಿಸಿ ಕಂಬ ಹಿಡಿದು ನಿಂತಳು. ಅಂದು ಭೂಪಾಲ ಗಟ್ಟಿ ಮನಸ್ಸು ಮಾಡಿ ಹೇಳಿಬಿಟ್ಟ. "ಅಕ್ಕಾ, ಎರಡರಾಗ ಒಂದ ಬಿಡು. ಉಪವಾಸ ಮಾಡೂದಿದ್ರ ಮನ್ಯಾಗ ಕುಂದ್ರು. ಬಸದಿಗೆ ಬರೂದಿದ್ರ ಉಂಡು ಬಾ. ಬರೀ ಹೊಟ್ಟ್ಯಾಗ ನಿನ್ನ ನಾ ಗಾಡ್ಯಾಗ ಕೂಡಸೂದಿಲ್ಲ."

ಅಕ್ಕ ಎರಡು ದಿನ ಮಾತಾಡಲಿಲ್ಲ. ಮುಂದಿನ ಚತುರ್ದಶಿಗೆ ಒಂದು ಹೊತ್ತು ಉಂಡಳು. ಮೊದಲ ತುತ್ತು ಎತ್ತುವಾಗ ಅವಳ ಕಣ್ಣು ತುಂಬಿದ್ದನ್ನು ಭೂಪಾಲ ನೋಡಿದ. ನೋಡಿಯೂ, ಒಳ್ಳೆಯದಕ್ಕೇ ಮಾಡಿದೆ ಎಂದು ಸಮಾಧಾನ ಮಾಡಿಕೊಂಡ. ಆಮೇಲೆ ಅವಳು ತಲೆನೋವಿನ ಸುದ್ದಿಯನ್ನೇ ಎತ್ತಲಿಲ್ಲ. ತನ್ನ ಎಣಿಕೆ ಸರಿಯಾಗಿತ್ತು ಎಂದು ಅವನು ತಿಳಿದ.

ಗಂಡನ ಊರು ಸಲಗರೆಗೆ ಅವಳು ಮೈದುನನ ಮನೆಯ ಹೆಂಗಸರ ಜೊತೆ ಹತ್ತು ದಿನ ಮೊದಲು ಬಸ್ಸಿನಲ್ಲಿ ಹೋಗಿದ್ದಳು. ಈಗ ಅದೇ ಸಲಗರೆಗೆ ಭೂಪಾಲ ಒಬ್ಬನೇ ಕಾರು ಓಡಿಸಿಕೊಂಡು ಹೊರಟ. ದಾರಿಯುದ್ದಕ್ಕೂ ಕಾರು ಗುಡುಗುತ್ತಿತ್ತು. ಎರಡು ವರ್ಷದಿಂದ ಅದರ ಸದ್ದು ಸ್ವಲ್ಪಸ್ವಲ್ಪವೇ ಏರುತ್ತ ಬಂದಿದ್ದರಿಂದ, ಅವನ ಕಿವಿಯೂ ಸ್ವಲ್ಪ ಮಂದವಾದ್ದರಿಂದ, ಹಳೆಯ ಗಾಡಿಯ ಸ್ವಭಾವವೇ ಅದೆಂದು ಬಿಟ್ಟಿದ್ದ. ಸಾವಿನ ಮನೆಯ ಅಂಗಳಕ್ಕೆ ಹೊಕ್ಕಾಗ ಅಳುತ್ತಿದ್ದ ಹೆಂಗಸರು ಅಳು ನಿಲ್ಲಿಸಿ, ಟ್ರ್ಯಾಕ್ಟರ್ ಯಾರದು ಎಂಬಂತೆ ತಿರುಗಿ ನೋಡಿದರು. ಭೂಪಾಲ ನಾಚಿಕೆಯಿಂದ ತಲೆ ತಗ್ಗಿಸಿಕೊಂಡು ಇಳಿದ.

ಹೊತ್ತು ಮುಳುಗುವ ಮೊದಲೇ ದಹನವಾಯಿತು. ನಿದ್ದೆಯಲ್ಲಿ ಹೃದಯ ನಿಂತಿದೆ, ಜೀವ ಸುಖವಾಗಿ ಹೋಗಿದೆ ಎಂದು ಅಲ್ಲಿಯ ಡಾಕ್ಟರರು ಹೇಳಿದರು. ಅದೊಂದೇ ಭೂಪಾಲನಿಗೆ ಹಿಡಿದುಕೊಳ್ಳಲು ಸಿಕ್ಕ ಆಧಾರ.

ಹನ್ನೆರಡು ದಿನದ ಸೂತಕ ಮುಗಿಯುತ್ತ ಬಂತು. ಹದಿಮೂರನೆಯ ದಿನ ಮಿರಜದ ಬಸದಿಯಲ್ಲಿ ಶಾಂತಿಪೂಜೆ. ಅಲ್ಲಿ ಈಗ ಮುನಿಗಳೊಬ್ಬರು ತಂಗಿದ್ದಾರೆ. ಅವರು ಮೌನದಲ್ಲಿರುವ ಹೊತ್ತಿಗೆ ಈ ಗಾಡಿ ಬಾಗಿಲಿಗೆ ಹೋಗುವುದು ಚೆನ್ನಾಗಿರುವುದಿಲ್ಲ ಎಂದು ಸೊಸೆ ಹರ್ಷದಾ ಮೆಲ್ಲಗೆ ಹೇಳಿದಳು. ಹನ್ನೊಂದನೆಯ ದಿನ ಬೆಳಿಗ್ಗೆ ಭೂಪಾಲ ಸತ್ಯಪ್ಪನ ಗ್ಯಾರೇಜಿಗೆ ಹೊರಟ.

ಸತ್ಯಪ್ಪ ಜಮಖಂಡಿ ಕಡೆಯಿಂದ ಗಾರೆ ಕೆಲಸಕ್ಕೆಂದು ಬಂದು, ಸಾಂಗಲಿ–ಮಿರಜ ರಸ್ತೆಯ ಬದಿಯಲ್ಲಿ ಮೆಕ್ಯಾನಿಕ್ ಆಗಿ ನಿಂತವನು. ಐವತ್ತರ ಆಸುಪಾಸು. ಭೂಪಾಲನೊಡನೆ ಮಾತ್ರ ಅವನು ಬಾಯಿ ತುಂಬ ಕನ್ನಡ ಆಡುತ್ತಿದ್ದ.

"ಬರ್ರಿ ಕಾಕಾ. ನಿಮ್ಮ ಗಾಡಿ ಕವಲಾಪುರದಾಗ ಚಾಲೂ ಆದ್ರ ನಾ ಇಲ್ಲಿ ಛಾ ಇಡತೇನಿ. ನೀವು ಬಂದು ಮುಟ್ಟೂದ್ರಾಗ ಕುದ್ದಿರತದ."

ಅಕ್ಕ ಹೋದ ಸುದ್ದಿ ಕೇಳಿದೊಡನೆ ಅವನ ನಗೆ ಆರಿತು. ಕುರ್ಚಿ ಒರಸಿ ಹಾಕಿದ. ಎಂಜಿನ್ನಿನ ಕಾವು ಆರುವ ತನಕ ಇಬ್ಬರೂ ಕುಳಿತರು.

ಆಮೇಲೆ ಸತ್ಯಪ್ಪ ತನ್ನ ಕ್ರಮದಲ್ಲಿ ಪರೀಕ್ಷೆಗೆ ತೊಡಗಿದ. ಕಾರು ಚಾಲೂ ಮಾಡಲು ಹೇಳಿ, ಒದ್ದೆ ಗೋಣಿಯನ್ನು ನಾಲ್ಕು ಮಡಿಕೆ ಮಾಡಿ ಹಿಂದಿನ ಹೊಗೆ ಕೊಳವೆಯ ಬಾಯಿಗೆ ಒತ್ತಿ ಹಿಡಿದ. ಕೊಳವೆ ಗಟ್ಟಿಯಿದ್ದರೆ ಹೊಗೆ ಗೋಣಿಯನ್ನು ಹಿಂದಕ್ಕೆ ನೂಕುತ್ತದೆ, ಎಂಜಿನ್ ಉಸಿರು ಕಟ್ಟಿ ತಡವರಿಸುತ್ತದೆ. ಇಲ್ಲಿ ಗೋಣಿ ಅಲುಗಲಿಲ್ಲ. ಸದ್ದೆಲ್ಲ ಗಾಡಿಯ ಹೊಟ್ಟೆಯ ಕೆಳಗಿನಿಂದ ಬಂತು. ಕಾರು ನಿಲ್ಲಿಸಿ, ಗಾಲಿಗಳಿಗೆ ಕಲ್ಲು ಕೊಟ್ಟು, ಜ್ಯಾಕ್ ಏರಿಸಿ, ಕೆಳಗೆ ಮರದ ದಿಮ್ಮಿ ಇಟ್ಟು ಅಂಗಾತ ನುಸುಳಿದ. ಸೈಲೆನ್ಸರಿನ ಡಬ್ಬಿಯನ್ನು ಸುತ್ತಿಗೆಯ ಹಿಡಿಯಿಂದ ಬಡಿದ. ಕಬ್ಬಿಣದ ದನಿ ಬರಲಿಲ್ಲ. ಒಳಗಿನ ತುಕ್ಕು ಇಟ್ಟಿಗೆಯ ಪುಡಿಯಂತೆ ಅವನ ಎದೆಯ ಮೇಲೆ ಉದುರಿತು. ಸ್ಕ್ರೂಡ್ರೈವರಿನ ಮೊನೆ ಇಟ್ಟರೆ ಹಪ್ಪಳಕ್ಕೆ ಚುಚ್ಚಿದಂತೆ ಒಳಗೆ ಹೋಯಿತು.

ಕೆಳಗಿನಿಂದಲೇ ಅವನು ವಿವರಿಸಿದ. ಹೊಗೆಯೊಡನೆ ಸ್ವಲ್ಪ ನೀರೂ ಬರುತ್ತದೆ. ಗಾಡಿ ದೂರ ಓಡಿದರೆ ಕಾವಿಗೆ ಅದು ಆರುತ್ತದೆ. ಕವಲಾಪುರದಿಂದ ಮಿರಜಕ್ಕೆ ಎಂಟು ದಿನಕ್ಕೊಮ್ಮೆ ನಿಧಾನವಾಗಿ ಹೋಗಿ ಬಂದರೆ ಆ ನೀರು ಒಳಗೇ ನಿಂತು ಕಬ್ಬಿಣವನ್ನು ತಿನ್ನುತ್ತದೆ.

ಅಷ್ಟು ಹೇಳಿ ಅವನು ಹೊರಗೆ ಬಂದು ಹಿಂದಿನ ಬಾಗಿಲು ತೆರೆದು, ಕಾಲ ಕೆಳಗಿನ ಚಾಪೆ ಎತ್ತಿದ. ತಳದ ತಗಡಿನಲ್ಲಿ ರೂಪಾಯಿಯಗಲದ ಒಂದು ತೂತು. ಅದನ್ನು ಮುಚ್ಚುವ ರಬ್ಬರಿನ ಬಿರಡೆ ಎಂದೋ ಬಿದ್ದುಹೋಗಿದೆ. ತೂತಿನ ಸುತ್ತ, ಚಾಪೆಯ ಅಡಿಗೆಲ್ಲ ಮಸಿ ಹಿಡಿದಿತ್ತು.

"ಇಲ್ಲಿ ಯಾರ್ ಕುಂದರ್ತಿದ್ರು ಕಾಕಾ?"

"ಅಕ್ಕ."

"ಅವ್ರಿಗೆ ತಲಿ ನೋಯ್ತಿತ್ತೇನ್ರಿ?"

ಭೂಪಾಲ ಹೌದೆಂದು ತಲೆಯಾಡಿಸಿದ. ಅದು ಉಪವಾಸದ ತಲೆನೋವು ಎಂದ. ಸತ್ಯಪ್ಪ ವಾದ ಮಾಡಲಿಲ್ಲ. ಚಾಪೆಯನ್ನು ಕೈಯಲ್ಲಿ ಹಿಡಿದುಕೊಂಡೇ ಇನ್ನೊಂದು ಮಾತು ಕೇಳಿದ. "ಮನ್ಯಾಗ ಇದ್ದು ಉಪಾಸ ಮಾಡಿದಾಗೂ ನೋಯ್ತಿತ್ತೇನು?"

ಭಾದ್ರಪದದ ದಶಲಕ್ಷಣ ಪರ್ವದ ಹತ್ತು ದಿನಗಳು ಭೂಪಾಲನ ಕಣ್ಣ ಮುಂದೆ ಬಂದವು. ಆ ದಿನಗಳಲ್ಲಿ ಅಕ್ಕ ನಡೆದೇ ಊರ ಬಸದಿಗೆ ಹೋಗುತ್ತಿದ್ದಳು; ಹತ್ತರಲ್ಲಿ ಐದು ದಿನ ನೀರಿನ ಮೇಲೇ ಇರುತ್ತಿದ್ದಳು. ಸಂಜೆ ಜಗಲಿಯಲ್ಲಿ ಕುಳಿತು ಮಕ್ಕಳಿಗೆ ಕಥೆ ಹೇಳಿ ನಗಿಸುತ್ತಿದ್ದಳು. ಒಂದು ದಿನವಾದರೂ ಹಣೆ ಹಿಡಿದುಕೊಂಡದ್ದಿಲ್ಲ. ಉಪವಾಸವಿದ್ದ ದಿನವೇ ಅವಳು ಕಾರು ಹತ್ತುತ್ತಿದ್ದಳು, ಕಾರು ಹತ್ತಿದ ದಿನವೇ ತಲೆ ನೋಯುತ್ತಿತ್ತು; ಮನೆಮಂದಿಯೆಲ್ಲ ಮೂರರಲ್ಲಿ ಎರಡನ್ನೇ ನೋಡಿ ತೀರ್ಮಾನ ಮಾಡಿದ್ದರು.

ಅವನು ಎದ್ದು ಜ್ಯಾಕ್ ಇಳಿಸಲು ಹೇಳಿದ. "ನೀ ಓಡಸು ಸತ್ಯಪ್ಪಾ. ನಾ ಹಿಂದ ಕುಂದರ್ತೇನಿ. ಅಕ್ಕ ಕುಂತಂಗ ಕುಂದರ್ತೇನಿ."

ಸತ್ಯಪ್ಪ ಬೇಡವೆಂದ, ಮಸಿ ನೋಡಿದ ಮೇಲೆ ಇನ್ನೇನು ನೋಡುವುದಿದೆ ಎಂದ. ಭೂಪಾಲ ಕೇಳದೆ ಹಿಂದೆ ಕುಳಿತು ಎರಡೂ ಗಾಜು ಏರಿಸಿದ. ತಾನು ಓಡಿಸುವಾಗ ಇರುತ್ತಿದ್ದಂತೆ ಮುಂದಿನ ಬಲಬದಿಯ ಗಾಜನ್ನು ಪೂರ್ತಿ ಇಳಿಸಲು ಹೇಳಿದ. ಕಾರು ಮಿರಜದ ಕಡೆ ಹೊರಟಿತು. ಸ್ವಲ್ಪ ದೂರ ಹೋಗುವುದರೊಳಗೆ ಕಾಲ ಬಳಿ ಬೆಚ್ಚಗಾಯಿತು, ಗಂಟಲಿನಲ್ಲಿ ಸುಟ್ಟ ವಾಸನೆ ನಿಂತಿತು. ಇನ್ನೂ ಸ್ವಲ್ಪ ಹೋದ ಮೇಲೆ ಎರಡೂ ಕಣ್ಣ ಮೇಲೆ ಯಾರೋ ಹೆಬ್ಬೆರಳಿಟ್ಟು ಅದುಮಿದ ಹಾಗಾಯಿತು. ಬಸದಿ ಇನ್ನೂ ದೂರವಿತ್ತು. ಅಷ್ಟೂ ದಾರಿಯನ್ನು ಅಕ್ಕ ತಟ್ಟೆ ಅಲುಗದಂತೆ ಹಿಡಿದು ಹೋಗಿ, ಹಾಗೆಯೇ ಬರುತ್ತಿದ್ದಳು.

ಸತ್ಯಪ್ಪ ಕೇಳದೆಯೇ ಗಾಡಿ ನಿಲ್ಲಿಸಿ ಬಾಗಿಲುಗಳನ್ನೆಲ್ಲ ತೆರೆದ. ಭೂಪಾಲ ರಸ್ತೆಯ ಬದಿಯಲ್ಲಿ ನಿಂತು ಗಾಳಿ ತೆಗೆದುಕೊಂಡ. ಮುಂದೆ ಕುಳಿತ ತನಗೆ ಎಂದೂ ಏನೂ ಆಗಲಿಲ್ಲವಲ್ಲ ಎಂದ.

"ನಿಮ್ಮ ಗಾಜ ತೆರದಿತ್ರಿ, ಅವ್ರದು ಮುಚ್ಚಿತ್ತು. ನಿಮ್ಮ ಗಾಜಿನ ಗಾಳಿನ ತೂತಿನ್ಯಾಗಿಂದ ಹೊಗಿ ಎಳದು ಒಳಗ ತಂದೈತಿ," ಎಂದ ಸತ್ಯಪ್ಪ. ನಿಜವನ್ನು ಮೆತ್ತಗೆ ಮಾಡಿ ಹೇಳುವುದು ಅವನಿಗೆ ತಿಳಿಯದು.

"ಅದರಿಂದನ ಸತ್ತಳೇನು?"

"ನಾ ಡಾಕ್ಟರ್ ಅಲ್ಲರಿ. ಹತ್ತ ದಿವಸ ಈ ಗಾಡಿ ಹತ್ತಿಲ್ಲ ಅಂತೀರಿ. ಈ ಹೊಗಿ ಅಷ್ಟ ದಿವಸ ಮೈಯಾಗ ನಿಂದರೂದಿಲ್ಲ. ಸಾವು ಇದರ ಮ್ಯಾಲ ಹಾಕಬ್ಯಾಡ್ರಿ. ತಲಿನೋವು ಮಾತ್ರ ಇದರದ."

ಮರಳಿ ಬಂದ ಮೇಲೆ ಕೆಲಸ ನಡೆಯಿತು. ತುಕ್ಕು ಹಿಡಿದ ಬೋಲ್ಟುಗಳಿಗೆ ಡೀಸೆಲ್ ಬಿಟ್ಟು ಕಾದರೂ ಒಂದು ಸಡಿಲಾಗಲಿಲ್ಲ. ಅದನ್ನು ಗರಗಸದಿಂದ ಕೊಯ್ದು ತೆಗೆಯಬೇಕಾಯಿತು. ಹಳೆಯ ಡಬ್ಬಿ ನೆಲಕ್ಕೆ ಬಿದ್ದಾಗ ಎರಡು ಹೋಳಾಯಿತು. ಸಾಂಗಲಿಯಿಂದ ತರಿಸಿದ ಹೊಸ ಸೈಲೆನ್ಸರನ್ನು ಸತ್ಯಪ್ಪ ಹೊಸ ರಬ್ಬರಿನ ಕೊಂಡಿಗಳಿಗೆ ತೂಗುಹಾಕಿ, ಕೂಡುವ ಕಡೆ ಹೊಸ ವಾಷರ್ ಕೊಟ್ಟು, ಮೊದಲು ಸಡಿಲಾಗಿ ಎಲ್ಲವನ್ನೂ ಸೇರಿಸಿ, ನೇರ ನೋಡಿಕೊಂಡು ಆಮೇಲೆ ಬಿಗಿದ. ತಳದ ತೂತಿಗೆ ತಗಡು ಕೂರಿಸಿದ. ಡಿಕ್ಕಿಯ ಸುತ್ತಿನ ಹರಿದ ರಬ್ಬರನ್ನೂ ಬದಲಿಸಿದ. ಗಾಡಿ ಚಾಲೂ ಮಾಡಿ ಪ್ರತಿ ಕೂಡಿಕೆಯ ಹತ್ತಿರ ಅಂಗೈ ಹಿಡಿದು, ಎಲ್ಲಿಯೂ ಉಸಿರು ತಾಗದೆಂದು ಖಾತ್ರಿಮಾಡಿಕೊಂಡ. ಒದ್ದೆ ಗೋಣಿ ಒತ್ತಿದರೆ ಈ ಸಲ ಅದು ಕೈಯನ್ನೇ ಹಿಂದಕ್ಕೆ ತಳ್ಳಿತು.

ಭೂಪಾಲ ಮನೆಗೆ ಬಂದಾಗ ಹರ್ಷದಾ ಅಂಗಳದಲ್ಲಿ ಬೇಳೆ ಒಣಹಾಕುತ್ತಿದ್ದಳು. ಅವನು ಅಲ್ಲೇ ಕಟ್ಟೆಯ ಮೇಲೆ ಕುಳಿತು, ಗ್ಯಾರೇಜಿನಲ್ಲಿ ಕಂಡದ್ದನ್ನೆಲ್ಲ ಹೇಳಿ, ಉಪವಾಸ ಬಿಟ್ಟ ಮೇಲೆ ಅಕ್ಕನ ತಲೆನೋವು ನಿಂತಿತ್ತೇ ಎಂದು ಕೇಳಿದ. ಸೊಸೆ ಸೆರಗಿಗೆ ಕೈ ಒರಸಿಕೊಂಡು ಹತ್ತಿರ ಬಂದಳು.

"ಇಲ್ಲರಿ ಮಾಮಂಜಿ. ಬಸದಿಯಿಂದ ಬಂದು ಖೋಲ್ಯಾಗ ಹಣಿಗೆ ಬಟ್ಟಿ ಬಿಗದ್ ಕಟ್ಟಿ ಮಲಗೂದು. ನನಗ ಆಣಿ ಹಾಕಿದ್ಲು. ಭೂಪಾಗ ಹೇಳಬ್ಯಾಡ, ಉಪಾಸ ಬಿಡಿಸ್ಯಾನ, ಗೊತ್ತಾದ್ರ ಬಸದೀನೂ ಬಿಡಸ್ತಾನ ಅಂದ್ಲು."

ಭೂಪಾಲ ತಲೆಯ ಟೊಪ್ಪಿಗೆ ತೆಗೆದು ಮೊಣಕಾಲ ಮೇಲಿಟ್ಟುಕೊಂಡು ಕುಳಿತ. ಅಕ್ಕನ ಪಾಲಿನ ಉಪವಾಸಗಳನ್ನು ತಾನು ಮಾಡಿ ತೀರಿಸಬಹುದಿತ್ತು. ಆದರೆ ಹಾಗೆ ತೀರುವುದಿಲ್ಲವೆಂದು ಚಿಕ್ಕಂದಿನಿಂದ ಕೇಳಿಕೊಂಡು ಬಂದಿದ್ದ. ಒಬ್ಬರ ಪುಣ್ಯ ಇನ್ನೊಬ್ಬರಿಗೆ ಹರಿಯುವುದಿಲ್ಲ, ಒಬ್ಬರ ದೋಷ ಇನ್ನೊಬ್ಬರಿಂದ ಕಳೆಯುವುದಿಲ್ಲ. ಜೀವ ತಾನು ಗಳಿಸಿದ್ದನ್ನು ತಾನೇ ಹೊತ್ತು ನಡೆಯುತ್ತದೆ. ಹಾಗಾದರೆ ತನ್ನ ಪಾಲಿಗೆ ಉಳಿದದ್ದು, ತಾನು ಮಾಡಿದ್ದನ್ನು ತನ್ನದೆಂದು ಒಪ್ಪಿಕೊಳ್ಳುವುದು, ಅಷ್ಟೇ.

ಹದಿಮೂರನೆಯ ದಿನ ಬಸದಿಯಲ್ಲಿ ಪೂಜೆ ಮುಗಿದು ನೆಂಟರಿಷ್ಟರು ಸೇರಿ ಕುಳಿತರು. ವಾಡಿಕೆಯಂತೆ ಹೋದವಳ ಗುಣಗಳನ್ನು ಒಬ್ಬೊಬ್ಬರೇ ಹೇಳಿದರು. ಅಕ್ಕನ ಸಲಗರೆಯ ಮೈದುನ ಬಾಬು, ಇಂಥ ತಮ್ಮ ಯಾರಿಗೂ ಸಿಗಲಾರ, ನಲವತ್ತು ವರ್ಷ ಅಕ್ಕನನ್ನು ಕಣ್ಣಿನಂತೆ ಕಾಪಾಡಿದ, ವಯಸ್ಸು ನೋಡಿ ಉಪವಾಸ ಕೂಡ ಬಿಡಿಸಿದ ಎಂದು ಮರಾಠಿಯಲ್ಲಿ ಹೊಗಳಿದ. ಎಲ್ಲರೂ ತಲೆದೂಗಿದರು. ಸುಮ್ಮನಿದ್ದಿದ್ದರೆ ಆ ಮಾತು ಹಾಗೆಯೇ ನಿಲ್ಲುತ್ತಿತ್ತು.

ಭೂಪಾಲ ಎದ್ದು ನಿಂತ. ಕನ್ನಡದಲ್ಲೇ ಮಾತಾಡಿದ, ಹುಡುಗರಿಗೂ ಅಷ್ಟು ತಿಳಿಯುತ್ತಿತ್ತು.

"ಅಕ್ಕನ ವ್ರತ ವಯಸ್ಸಿನಿಂದ ಮುರೀಲಿಲ್ಲ. ನಾ ಮುರಿಸೇನಿ. ಗಾಡಿ ಕೆಟ್ಟಿತ್ತು, ಹೊಗಿ ಒಳಗ ಬರ್ತಿತ್ತು. ಅಕಿ ನೋವು ಹೇಳಿದ್ಲು, ನಾ ಗಾಡಿ ನೋಡಲಿಲ್ಲ, ಅಕಿ ಉಪಾಸ ನೋಡಿದೆ. ಚತುರ್ದಶಿ ದಿನ ಅಕಿ ಉಂಡು ಹೋದದ್ದು ನನ್ನ ದೋಷ. ಇದು ಅಕಿ ಮ್ಯಾಲ ಯಾರೂ ಹಾಕಬಾರ್ದು."

  ಹರ್ಷದಾ ಸೆರಗಿನಿಂದ ಕಣ್ಣೊರಸಿಕೊಂಡಳು. ಭೂಪಾಲ ಗರ್ಭಗುಡಿಯ ಎದುರಿಗೆ ಹೋಗಿ, ಮೊಣಕಾಲೂರಿ, ನೆಲಕ್ಕೆ ಹಣೆ ಮುಟ್ಟಿಸಿ, ಮನಸ್ಸಿನಲ್ಲೇ ನುಡಿದ:

ಅಕ್ಕಾ, ತಿಳಿಯದೆ ನಿನ್ನನ್ನು ನೋಯಿಸಿದೆ, ತಿಳಿದವನಂತೆ ನಿನ್ನ ವ್ರತ ಬಿಡಿಸಿದೆ, ಕ್ಷಮಿಸು. ಜಿನೇಶ್ವರಾ, ಈ ಜೀವ ಯಾವ ಗತಿಯಲ್ಲಿ ಹುಟ್ಟಿದ್ದರೂ ಅಲ್ಲಿ ಅದಕ್ಕೆ ನಿನ್ನ ಧರ್ಮ ದೊರೆಯಲಿ. ಹಿಡಿದ ವ್ರತವನ್ನು ನಡೆಸುವ ಮೈಬಲ ಅದಕ್ಕಿರಲಿ, ಅಡ್ಡ ಬರುವವರು ಇಲ್ಲದಿರಲಿ. ಕರ್ಮಗಳು ಒಂದೊಂದಾಗಿ ಸವೆದು, ನೋವಿಲ್ಲದ, ಮರಳಿ ಹುಟ್ಟಿಲ್ಲದ ನೆಲೆಯನ್ನು ಅದು ಸೇರಲಿ. ಅಲ್ಲಿಯವರೆಗೆ ಅದಕ್ಕೆ ಶಾಂತಿ ಇರಲಿ, ಶಾಂತಿ ಇರಲಿ.