ಬೂಟಿಗೊಪ್ಪುವ ಸೀರೆ

ಚಿಕ್ಕಂದಿನಲ್ಲಿ ಮುರಿದ ಎಡಗಾಲು ಸೊಟ್ಟಗೆ ಕೂಡಿಕೊಂಡಿದ್ದರಿಂದ, ಜಮಖಂಡಿಯ ಕುಮುದಿನಿ ಕಣಕಾಲು ಮುಚ್ಚುವ ಚರ್ಮದ ಬೂಟಿಲ್ಲದೆ ನೆಟ್ಟಗೆ ನಡೆಯಲಾರಳು. ಮುಂಬಯಿ ಸರಕಾರದಲ್ಲಿ ಕಾರಕೂನನಾಗಿದ್ದ ಮುಧೋಳದ ಹುಡುಗ ಅವಳನ್ನು ನೋಡಲು ಬರುವ ದಿನ, ತಾಯಿ ತುಳಸಾಬಾಯಿ ಹಿತ್ತಲಲ್ಲಿ ಬೂಟಿನ ಮೇಲೆ ಒಂದೊಂದೇ ಸೀರೆ ಉಡಿಸಿ ನೋಡಿದಳು. ಕಚ್ಚೆ ಹಾಕಿದ ಒಂಬತ್ತು ಗಜದ ಸೀರೆಯಲ್ಲಿ ಬೂಟು ಪೂರ್ತಿ ಕಾಣುತ್ತಿತ್ತು. ಆರು ಗಜದ ಸೀರೆ ನೆಲ ಮುಟ್ಟಿ ಬೂಟನ್ನು ಮರೆಸಿತು, ಆದರೆ ಕುಮುದಿನಿ ನೆರಿಗೆ ತುಳಿದು ಮುಗ್ಗರಿಸಿದಳು.

“ಇದನ್ನ ಉಟ್ಕೋ. ಮದುವಿ ಆಗೂತನಾ ಯಾರಿಗೂ ಗೊತ್ತಾಗಬಾರದು,” ಎಂದಳು ತಾಯಿ.

“ಆಮ್ಯಾಲೆ ಗೊತ್ತಾದ್ರ ಆ ಮನ್ಯಾಗ ನನ್ನ ಗತಿ ಏನವ್ವಾ?”

ತುಳಸಾಬಾಯಿ ಆ ಸೀರೆಯ ನೆರಿಗೆಗಳನ್ನೇ ಸರಿಮಾಡಿ, ಚಹಾಕ್ಕಿಡಲು ಒಳಗೆ ಹೋದಳು.

ಗಂಡಿನವರು ಅಂಗಳದ ಚಪ್ಪರದಡಿ ಕುಳಿತಿದ್ದಾಗ ಕುಮುದಿನಿ ಒಂಬತ್ತು ಗಜದ ಸೀರೆಯುಟ್ಟು, ಬೂಟಿನ ಲಾಡಿ ಬಿಗಿದು ಬಂದಳು. ಹುಡುಗನ ತಾಯಿ ಚಹಾ ಕೆಳಗಿಟ್ಟು ಕೇಳಿದರು, “ಕಾಲಿಗೆ ಏನಾಗೇದ?”

“ಸೊಟ್ಟ ಅದರೀ. ಬೂಟು ಇದ್ರ ನಡೀತೀನಿ, ಇಲ್ಲಂದ್ರ ಕುಂಟತೀನಿ,” ಎಂದಳು ಕುಮುದಿನಿ.

ಹುಡುಗ ತಲೆ ತಗ್ಗಿಸಿದ. ಬಸ್ಸಿಗೆ ಹೊತ್ತಾಯಿತೆಂದು ಅವರೆಲ್ಲ ಎದ್ದು ಹೋದರು.

ತುಳಸಾಬಾಯಿ ಅಡುಗೆಮನೆ ಸೇರಿ ಅಳತೊಡಗಿದಳು. ಕುಮುದಿನಿ ಹೊಸ್ತಿಲಾಚೆ ಕುಳಿತು ಲಾಡಿ ಬಿಚ್ಚಿದಳು. ಖರೆ ಹೇಳಿದ್ದಕ್ಕೆ ಅವಳಿಗೆ ಪಶ್ಚಾತ್ತಾಪವಿರಲಿಲ್ಲ, ಆದರೆ ಆ ಅಳುವನ್ನು ಕೇಳಲಾಗಲಿಲ್ಲ. ಬೂಟುಗಳನ್ನು ಅಲ್ಲೇ ಬಿಟ್ಟು, ಗೋಡೆ ಹಿಡಿದು ಕುಂಟುತ್ತ ತಾಯಿಯ ಬಳಿಗೆ ಹೋದಳು.