ಹಗ್ಗದ ಆಚೆ ಅದ್ದು

ಭಾಷಣದ ಹುಚ್ಚು ಹಿಡಿದರೆ ನಮ್ಮ ಲಿಯೊನೆಲ್‌ಗೆ ಹೆಂಡತಿ ಒಲಿಂಡಾಳ ಮಾತೂ ಕಿವಿಗೆ ಬೀಳುವುದಿಲ್ಲ. ಜುಮೇರಾ ಲೇಕ್ ಟವರ್ಸ್‌ನ ಆಫೀಸಿನಲ್ಲಿ ವಾರವಿಡೀ ಕೆಲಸ ಮಾಡುವಂತೆ ನಟಿಸುತ್ತಾ ಬರೆದ ಭಾಷಣವಿದು: ‘ಯುದ್ಧಾನಂತರದ ಅಮೆರಿಕ ಮತ್ತು ರಾಕ್ ಸಂಗೀತ’. ದುಬೈಯ ಕರಾವಳಿಯವರ ಕುಟುಂಬ ಮಿಲನದಲ್ಲಿ ಇದು ಬೇಕೆಂದು ಯಾರು ಅತ್ತಿದ್ದರು? ಯಾರೂ ಇಲ್ಲ. ಸಂಘದ ಕಾರ್ಯದರ್ಶಿ ಅವನೇ ಆದ್ದರಿಂದ ತಡೆಯುವವರೂ ಇರಲಿಲ್ಲ.

ಅವನಿಗೆ ಬೇಕಿದ್ದದ್ದು ಒಬ್ಬನೇ ಕೇಳುಗ, ಡ್ರೈವರ್ ಅದ್ದು. ಇಪ್ಪತ್ತು ವರ್ಷದ ಹಿಂದೆ ಇಬ್ಬರೂ ಒಂದೇ ರೂಮಿನಲ್ಲಿದ್ದಾಗ, ಅಮೆರಿಕನ್ ಧಣಿಯೊಬ್ಬ ಬಿಟ್ಟುಹೋದ ಹಳೇ ರಾಕ್ ಕ್ಯಾಸೆಟ್ಟುಗಳನ್ನು ಹಾಕಿ ಲಿಯೊನೆಲ್‌ಗೆ ಈ ರುಚಿ ಹತ್ತಿಸಿದ್ದು ಅದ್ದುವೇ. ಒಲಿಂಡಾ ಬಂದು ಫ್ಲ್ಯಾಟು ಆದ ಮೇಲೆ ಲಿಯೊನೆಲ್ ಆ ಕಡೆ ತಲೆಹಾಕಿರಲಿಲ್ಲ. ಕೈತಪ್ಪಿದ ಗೆಳೆಯ ಮತ್ತೆ ಸಿಗಲಿ ಎಂಬ ಆಸೆಯಿಂದ ತಾನೇ ಫೋನ್ ಮಾಡಿ, “ಬರಲೇಬೇಕು ಮಾರಾಯ, ಎದುರಿನ ಸಾಲು ನಿನಗೇ” ಎಂದಿದ್ದ.

ವೇದಿಕೆ ಹತ್ತಿ ಗಂಟಲು ಸರಿಮಾಡಿಕೊಂಡ. “ಯುದ್ಧ ಗೆದ್ದ ದೇಶ. ಮನೆಗೊಂದು ಕಾರು, ಫ್ರಿಜ್ಜು. ಆದರೆ ಸಂಗೀತದ ಹಾಲ್‌ನಲ್ಲಿ ಎಂತ ಇತ್ತು? ನಡುವೆ ಒಂದು ಹಗ್ಗ. ಈಚೆ ಬಿಳಿಯರು, ಆಚೆ ಕಪ್ಪು ಜನ. ಹಾಡು ಹುಟ್ಟಿಸಿದವರು ಆಚೆಯವರು, ಅದನ್ನು ಹಾಡಿ ಹೆಸರು ಮಾಡಿದವರು ಈಚೆಯವರು.”

ಹೇಳುತ್ತಲೇ ಅದ್ದುವನ್ನು ಹುಡುಕಿದ. ಎದುರಿನ ಸಾಲಿನಲ್ಲಿರಲಿಲ್ಲ. ಹಾಲ್‌ನ ಕೊನೆಯಲ್ಲಿ, ಅಡ್ಡಕ್ಕೆ ಬಿಗಿದ ನೈಲಾನ್ ಹಗ್ಗದ ಆಚೆ ನಿಂತಿದ್ದ. ಮುಂದೆ ಫ್ಯಾಮಿಲಿ, ಹಿಂದೆ ಬ್ಯಾಚುಲರ್ಸ್. ಊರಿನಲ್ಲಿ ಹೆಂಡತಿ ಜಮೀಲ, ಮೂವರು ಮಕ್ಕಳು, ಒಬ್ಬ ಮೊಮ್ಮಗ ಇದ್ದರೂ, ಸಂಸಾರ ಜೊತೆಗಿಲ್ಲದ ಗಂಡಸೆಲ್ಲ ಬ್ಯಾಚುಲರ್ ಎನ್ನುವ ಗಲ್ಫಿನ ಲೆಕ್ಕದಲ್ಲಿ ಅದ್ದು ಬ್ಯಾಚುಲರ್. ಈ ವ್ಯವಸ್ಥೆ ಮಾಡಿದ ಮಹಾನುಭಾವ ಯಾರು? ಕಾರ್ಯದರ್ಶಿಗಳೇ. ಬೆಳಿಗ್ಗೆ ತೋಳು ಮಡಚಿ ತಾನೇ ಹಗ್ಗ ಕಟ್ಟಿದವನ ತಲೆಗೆ, ಅದ್ದುವೂ ಹಿಂದೆ ಬೀಳುತ್ತಾನೆ ಎಂಬುದು ಹೊಳೆದಿರಲೇ ಇಲ್ಲ.

ಮುಂದಿನ ಪುಟದಲ್ಲಿ, ಹಾಡು ಏರಿದಾಗ ಹುಡುಗ ಹುಡುಗಿಯರು ಹಗ್ಗ ದಾಟಿ ಒಟ್ಟಿಗೆ ಕುಣಿದ ಕತೆಯಿತ್ತು. ಈಗಲೇ ಇಳಿದು ತಾನು ಕಟ್ಟಿದ ಹಗ್ಗ ಬಿಚ್ಚಬಹುದಿತ್ತು. ನಮ್ಮ ಶೂರ ಏನು ಮಾಡಿದ? ಆ ಪುಟ ಹಾರಿಸಿ ಪ್ರಾಯೋಜಕರಿಗೆ ವಂದನೆ ಹೇಳಿದ. ಚಪ್ಪಾಳೆ ಬಿತ್ತು, ಶಾಲೂ ಹೊದಿಸಿದರು.

ಶಾಲು ಸಮೇತ ಹಿಂದಕ್ಕೆ ಓಡಿದ. ಎಷ್ಟು ಎಳೆದರೂ ಹಗ್ಗದ ಗಂಟು ಬಿಚ್ಚಲಾಗಲಿಲ್ಲ. “ಬಾ ಅದ್ದು, ಮುಂದೆ ಕೂತ್ಕೋ. ಯಾರೋ ಬುದ್ಧಿ ಇಲ್ಲದವರು ಕಟ್ಟಿದ್ದಾರೆ ನೋಡು.”

“ಬೇಡ, ಡ್ಯೂಟಿ ಉಂಟು. ಭಾಷಣ ಒಳ್ಳೆದಿತ್ತು” ಎಂದ ಅದ್ದು. ಬಾಗಿ ಒಂದೇ ಎಳೆತಕ್ಕೆ ಗಂಟು ಬಿಡಿಸಿದ. “ಯಾರೋ ಅಲ್ಲ. ರೂಮಲ್ಲಿ ಬಟ್ಟೆ ಒಣಗಿಸ್ಲಿಕ್ಕೆ ಹಗ್ಗ ಕಟ್ತಿದ್ದದ್ದು ನೀನು, ಬಿಚ್ಚುತ್ತಿದ್ದದ್ದು ನಾನು. ನಿನ್ನ ಗಂಟು ನಂಗೆ ಗೊತ್ತುಂಟು.”